‘ಕಾಣೆಯಾದ’ ಅನ್ನಬೇಕೋ, ‘ಬಾರದ’ ಅನ್ನಬೇಕೋ? ಯುದ್ಧಕ್ಕೆ ಹಾರಿದ ಪೈಲಟ್‌ಗಳಿಗೆ ಒಂದು ಪದ ಬೇಕಿದೆ

ಎಲ್ಲರಿಗೂ ನಮಸ್ಕಾರ.

ನನಗೆ ಒಂದು ಪದ ಬೇಕು, ಸೋಮವಾರದೊಳಗೆ. ನಾನು ಚಿತ್ರದುರ್ಗ ಜಿಲ್ಲೆಯಲ್ಲಿ, ಚಳ್ಳಕೆರೆ ಕಡೆಯ ಒಂದು ಹೈಸ್ಕೂಲಿನಲ್ಲಿ ಕನ್ನಡ ಪಾಠ ಮಾಡುತ್ತೇನೆ. 2025ರ ಸೆಪ್ಟೆಂಬರ್ 26ಕ್ಕೆ ವಾಯುಪಡೆ ಮಿಗ್-21 ವಿಮಾನಗಳಿಗೆ ವಿದಾಯ ಹೇಳಿತಲ್ಲ, 62 ವರ್ಷ ಹಾರಿದ ವಿಮಾನ, ಅದನ್ನು ಟಿವಿಯಲ್ಲಿ ನೋಡಿದಾಗಿನಿಂದ ನಮ್ಮ ಒಂಬತ್ತನೇ ಕ್ಲಾಸಿನವರಿಗೆ ಯುದ್ಧವಿಮಾನದ ಹುಚ್ಚು ಹಿಡಿದಿದೆ. ಮೊದಲೇ ಇದು ಡ್ರೋನ್, ವಿಮಾನ ಹಾರಿಸಿ ನೋಡುವ ಕುದಾಪುರದ ಡಿಆರ್‌ಡಿಒ (ರಕ್ಷಣಾ ಸಂಶೋಧನಾ ಸಂಸ್ಥೆ) ಪರೀಕ್ಷಾ ಕೇಂದ್ರದ ಸೀಮೆ. ತಲೆ ಮೇಲೆ ಡ್ರೋನ್ ಹೋದರೆ ಇಲ್ಲಿಯ ಮಕ್ಕಳು ಶಬ್ದ ಕೇಳಿಯೇ ಹೇಳುತ್ತಾರೆ. ಹಾಗಾಗಿ ಲೈಬ್ರರಿಯ ಗೋಡೆ ಮೇಲೆ ಕರ್ನಾಟಕದ ಯುದ್ಧ ಪೈಲಟ್‌ಗಳ ಬಗ್ಗೆ ನಾಲ್ಕು ಸಾಲು ಬರೆಸೋಣ ಅಂತ ತೀರ್ಮಾನವಾಯಿತು. ಬರೆಯುವ ಕೆಲಸ ನನ್ನ ಪಾಲಿಗೆ ಬಂತು.

ಮೊದಲ ಹೆಸರಿಗೇ ನಿಂತುಬಿಟ್ಟೆ. ಕೊಡಗಿನ ಸ್ಕ್ವಾಡ್ರನ್ ಲೀಡರ್ ಅಜ್ಜಮಾಡ ಬೋಪಯ್ಯ ದೇವಯ್ಯ. 1965ರ ಸೆಪ್ಟೆಂಬರ್ 7ರ ಬೆಳಗ್ಗೆ ಪಾಕಿಸ್ತಾನದ ಸರ್ಗೋಧಾ ವಾಯುನೆಲೆಯ ಮೇಲಿನ ದಾಳಿಗೆ ಮಿಸ್ಟೇರ್ ವಿಮಾನದಲ್ಲಿ ಹೊರಟವರು. ಅವರು ಅವತ್ತು ಮೊದಲ ಪಟ್ಟಿಯಲ್ಲಿ ಇರಲಿಲ್ಲ, ಯಾರಾದರೂ ತಪ್ಪಿದರೆ ಇರಲಿ ಅಂತ ಇಟ್ಟುಕೊಂಡಿದ್ದ ಪೈಲಟ್. ಆ ದಾಳಿಯಲ್ಲಿ ಪಾಕಿಸ್ತಾನದ ಒಂದು ಸ್ಟಾರ್‌ಫೈಟರ್ ಅಡ್ಡ ಬಂತು. ಶಬ್ದದ ಎರಡರಷ್ಟು ವೇಗದ ವಿಮಾನ ಅದು, ಮಿಸ್ಟೇರ್ ಅದಕ್ಕೆ ಸಾಟಿಯೇ ಅಲ್ಲ. ಪೆಟ್ಟು ತಿಂದ ಮೇಲೂ ದೇವಯ್ಯ ತಿರುಗಿ ನಿಂತು ಅದನ್ನು ಹೊಡೆದುರುಳಿಸಿದರು. ಆ ಕಡೆಯ ಪೈಲಟ್ ಪ್ಯಾರಾಚೂಟಿನಲ್ಲಿ ಇಳಿದು ಬದುಕಿದ. ದೇವಯ್ಯ ಮಾತ್ರ ಬರಲಿಲ್ಲ. ಅವರಿಗೆ ಏನಾಯಿತು ಅಂತ ಈ ಕಡೆ ವರ್ಷಗಟ್ಟಲೆ ಗೊತ್ತೇ ಇರಲಿಲ್ಲ. ಪಾಕಿಸ್ತಾನದ ವಾಯುಪಡೆಯ ಬಗ್ಗೆ ಬ್ರಿಟಿಷ್ ಲೇಖಕರೊಬ್ಬರು ಬರೆದ ಪುಸ್ತಕದಿಂದ ವಿಷಯ ಹೊರಬಿದ್ದು, ಮಹಾವೀರ ಚಕ್ರ ಸಿಕ್ಕಿದ್ದು 1988ರಲ್ಲಿ. 23 ವರ್ಷ ಆದಮೇಲೆ.

ಈಗ ಆ 23 ವರ್ಷಗಳಿಗೆ ಕನ್ನಡದಲ್ಲಿ ಏನನ್ನಬೇಕು? ಇದೇ ನನ್ನ ಪ್ರಶ್ನೆ.

ನಾನು ಮೊದಲು ‘ಕಾಣೆಯಾದರು’ ಅಂತ ಬರೆದು ಕ್ಲಾಸಿನಲ್ಲಿ ಓದಿದೆ. ಹಿಂದಿನ ಬೆಂಚಿನ ಹುಡುಗಿ ಕೈ ಎತ್ತಿ ಕೇಳಿದಳು: ‘ಸಾರ್, ಬಸ್ ಸ್ಟ್ಯಾಂಡಲ್ಲಿ ಅಂಟಿಸ್ತಾರಲ್ಲ, ಕಾಣೆಯಾಗಿದ್ದಾರೆ, ಎತ್ತರ ಐದಡಿ, ಗೋಧಿ ಮೈಬಣ್ಣ ಅಂತ, ಹಂಗಾ?’ ನನ್ನ ಹತ್ತಿರ ಉತ್ತರ ಇರಲಿಲ್ಲ. ಆ ಪದವನ್ನು ನಾವು ಪೊಲೀಸ್ ಪ್ರಕಟಣೆಗೆ ಕೊಟ್ಟುಬಿಟ್ಟಿದ್ದೇವೆ. ದಾರಿ ತಪ್ಪಿದ ಅಜ್ಜ, ಮುನಿಸಿಕೊಂಡು ಮನೆ ಬಿಟ್ಟ ಹುಡುಗ, ಅವರೇ ಕಣ್ಣ ಮುಂದೆ ಬರುತ್ತಾರೆ. ‘ನಾಪತ್ತೆ’ ಇನ್ನೂ ಕಷ್ಟ. ಸಾಲ ಮಾಡಿ ಊರು ಬಿಟ್ಟವನೂ ನಾಪತ್ತೆ, ಕೇಸಿನ ಆರೋಪಿಯೂ ನಾಪತ್ತೆ. ಅದರಲ್ಲಿ ತಪ್ಪಿಸಿಕೊಂಡ ಅನ್ನುವ ನೆರಳಿದೆ. ಶತ್ರುವಿನ ಕಡೆಗೆ ಹಾರಿಹೋದವರ ಮೇಲೆ ಆ ನೆರಳು ಬೀಳಬಾರದು.

‘ಹುತಾತ್ಮ’ ಇದೆಯಲ್ಲ ಅನ್ನುತ್ತೀರಿ. ಒಳ್ಳೆಯ ಪದವೇ. ಕ್ವಿಟ್ ಇಂಡಿಯಾ ಕಾಲದಲ್ಲಿ ದಾವಣಗೆರೆಯಲ್ಲಿ ಗುಂಡೇಟಿಗೆ ಸಿಕ್ಕವರನ್ನೂ ನಾವು ಹುತಾತ್ಮರು ಅಂತಲೇ ಕರೆಯುವುದು. ಸೇನೆಯ ಕಡತದಲ್ಲಿ ಈ ಪದ ಇಲ್ಲ, ಅಲ್ಲಿ ಬರೆಯುವುದು ‘ಬ್ಯಾಟಲ್ ಕ್ಯಾಶುಯಲ್ಟಿ’ ಅಂತ. ಆದರೆ ಹುತಾತ್ಮ ಅನ್ನಬೇಕಾದರೆ ಸತ್ತರು ಅನ್ನುವುದು ಖಚಿತವಾಗಿರಬೇಕು. 1971ರ ಯುದ್ಧದ ಆಮೇಲೆ ‘ಮಿಸ್ಸಿಂಗ್ 54’ ಅಂತಲೇ ಹೆಸರಾದ ಪಟ್ಟಿ ಇದೆಯಲ್ಲ, ವಾಪಸ್ ಬಾರದ, ಪಾಕಿಸ್ತಾನದ ಸೆರೆಯಲ್ಲಿರಬಹುದು ಅಂದುಕೊಂಡ ಸೈನಿಕರದ್ದು, ಅದರಲ್ಲಿ ವಾಯುಪಡೆಯವರೂ ಸುಮಾರು ಜನ ಇದ್ದಾರೆ. ಅವರ ಮನೆಯವರು ಸುಮ್ಮನೆ ಕೂರಲಿಲ್ಲ. 2007ರಲ್ಲಿ, ಅಂದರೆ 36 ವರ್ಷದ ಮೇಲೆ, ಕೆಲವರು ಪಾಕಿಸ್ತಾನದ ಜೈಲುಗಳಿಗೇ ಹೋಗಿ ಹುಡುಕಿ ಬಂದರು. ಅಂಥ ಮನೆಯ ಮುಂದೆ ನಿಂತು ‘ಹುತಾತ್ಮ’ ಅಂದರೆ, ಅವರು ಇನ್ನೂ ತೆರೆದಿಟ್ಟಿರುವ ಬಾಗಿಲನ್ನು ನಾವು ಹೊರಗಿನಿಂದ ಎಳೆದು ಮುಚ್ಚಿದ ಹಾಗಲ್ವಾ?

ಇಲ್ಲಿ ಒಂದು ಮಾತು ಹೇಳಬೇಕು. ನಮ್ಮೂರಿನ ಹೊರಗೆ, ಹನುಮಪ್ಪನ ಗುಡಿಯ ಹಿಂದೆ ಒಂದು ವೀರಗಲ್ಲಿದೆ. ಊರವರ ಬಾಯಲ್ಲಿ ‘ಈರಗಲ್ಲು’. ಮೂರು ಹಂತ. ಕೆಳಗೆ ಕಾದಾಟ, ಮೇಲಿನ ಹಂತದಲ್ಲಿ ಲಿಂಗದ ಮುಂದೆ ಕೂತ ವೀರ. ನಡುವಿನ ಹಂತವನ್ನು ನಾನು ಚಿಕ್ಕಂದಿನಿಂದ ನೋಡಿದ್ದರೂ ಈ ಸಲ ಮಕ್ಕಳ ಜೊತೆ ಹೋದಾಗಲೇ ಸರಿಯಾಗಿ ಕಂಡಿದ್ದು: ಎರಡೂ ಕಡೆ ಅಪ್ಸರೆಯರು ಹಿಡಿದುಕೊಂಡು ವೀರನನ್ನು ಮೇಲಕ್ಕೆ ಒಯ್ಯುತ್ತಿದ್ದಾರೆ, ವಿಮಾನದಲ್ಲಿ. ಎಣ್ಣೆ ಮೆತ್ತಿ ಮೆತ್ತಿ ಅವರ ಮುಖ ಸವೆದಿದೆ, ಚಾಮರ ಹಿಡಿದ ಕೈ ಮಾತ್ರ ಚೆನ್ನಾಗಿ ಉಳಿದಿದೆ. ನಮ್ಮ ಭಾಷೆಯಲ್ಲಿ ‘ವಿಮಾನ’ ಪದಕ್ಕೂ ಯುದ್ಧದಲ್ಲಿ ಸತ್ತವನಿಗೂ ನಂಟು ಬಿದ್ದಿದ್ದು ಪೆಟ್ರೋಲ್ ಬರುವುದಕ್ಕಿಂತ ಎಷ್ಟೋ ಮುಂಚೆ.

ಈ ಕಲ್ಲುಗಳ ಶಾಸನದ ಭಾಷೆ ನೋಡಿ. ‘ತುಱುವಂ ಮಗುಳ್ಚಿ ಸತ್ತಂ’ (ದನಗಳನ್ನು ಮರಳಿ ತಂದು ಸತ್ತ), ‘ಕಾದಿ ಸತ್ತಂ’ (ಹೋರಾಡಿ ಸತ್ತ). ಅಷ್ಟೇ. ಇವತ್ತು ‘ಸತ್ತ’ ಅಂದರೆ ಒರಟು, ಮನುಷ್ಯರಿಗೆ ‘ತೀರಿಕೊಂಡರು’ ಅನ್ನಬೇಕು. ಆದರೆ ಆಗ ಊರಿನ ದನಗಳನ್ನು ಬಿಡಿಸಿ ತಂದು ಪ್ರಾಣ ಕೊಟ್ಟವನಿಗೆ ಕಲ್ಲಿನ ಮೇಲೆ ಕೆತ್ತುತ್ತಿದ್ದ ಗೌರವದ ಮಾತೇ ಅದು. ಮಾತು ಚಿಕ್ಕದು, ಕಲ್ಲು ದೊಡ್ಡದು. ಆದರೂ ‘ಕಾದಿ ಸತ್ತಂ’ ಕೂಡ ನನ್ನ ಕೆಲಸಕ್ಕೆ ಆಗಲಿಲ್ಲ. ಆ ಕಲ್ಲು ನಿಲ್ಲಿಸಿದವರಿಗೆ ಅವನು ಎಲ್ಲಿ ಬಿದ್ದ ಅಂತ ಗೊತ್ತಿತ್ತು.

ಕೊನೆಗೆ ದಾವಣಗೆರೆಗೆ ಹೋದಾಗ ನಮ್ಮ ಮಾವನವರನ್ನು ಕೇಳಿದೆ. ಅವರು ವಾಯುಪಡೆಯಲ್ಲಿ ಏರ್‌ಮನ್ ಆಗಿದ್ದವರು, ಪೈಲಟ್ ಅಲ್ಲ, ವಿಮಾನ ರೆಡಿ ಮಾಡಿ ಕಳಿಸುವ ಕೆಲಸ. 1971ರಲ್ಲಿ ಹಂಟರ್ ವಿಮಾನಗಳ ಜೊತೆ ಇದ್ದರು. ಏಣಿ ಹಾಕಿ, ಪೈಲಟ್ ಹತ್ತಿ ಕೂತ ಮೇಲೆ ಹೆಗಲ ಬೆಲ್ಟ್ ಬಿಗಿದು, ಕೆಳಗಿಳಿದು ಏಣಿ ತೆಗೆಯುವುದು. ಮಂಡಕ್ಕಿ ತಿನ್ನುತ್ತಾ ಕೂತಿದ್ದವರು ನನ್ನ ಪ್ರಶ್ನೆ ಕೇಳಿ ತಟ್ಟೆ ಪಕ್ಕಕ್ಕಿಟ್ಟರು.

‘ನಾವು ಎಣಿಸೋದು ಅಳಿಯಂದ್ರೆ,’ ಅಂದರು. ‘ನಾಕು ಹೋದ್ವು ಅಂದ್ರೆ ನಾಕು ಬರೋವರೆಗೂ ಯಾರೂ ಕೂರಲ್ಲ. ಒಂದಿನ ಮೂರು ಬಂದ್ವು.’

‘ಆಮೇಲೆ ಏನಂತಿದ್ರಿ ಮಾವ, ಅವರ ಬಗ್ಗೆ?’

‘ಏನೂ ಅಂತಿರ್ಲಿಲ್ಲ. ಸಾಹೇಬ್ರು ಬರ್ಲಿಲ್ಲ, ಅಷ್ಟೇ.’

ಆಮೇಲೆ ಫಾರಂ 700 ಬಗ್ಗೆ ಹೇಳಿದರು. ಪ್ರತಿ ವಿಮಾನಕ್ಕೂ ಒಂದು ಪುಸ್ತಕ ಇರುತ್ತದಂತೆ. ಹತ್ತುವ ಮುಂಚೆ ಪೈಲಟ್ ಒಂದು ಸಹಿ ಹಾಕಬೇಕು, ವಿಮಾನ ಸರಿಯಾಗಿದೆ, ತಗೊಂಡಿದ್ದೀನಿ ಅಂತ. ಇಳಿದ ಮೇಲೆ ಇನ್ನೊಂದು ಸಹಿ. ‘ಆ ಪುಸ್ತಕದಲ್ಲಿ ಮೊದಲನೇ ಸಹಿ ಇತ್ತು’ ಅಂದು ಮಾವ ಸುಮ್ಮನಾದರು. ಕೈ ಗಾಳಿಯಲ್ಲೇ ಎರಡನೇ ಸಹಿಯ ಜಾಗ ತೋರಿಸುತ್ತಿತ್ತು. ಅವರ ಬಾಯಲ್ಲಿ ಕಾಣೆ, ನಾಪತ್ತೆ, ಹುತಾತ್ಮ ಯಾವುದೂ ಬರಲಿಲ್ಲ.

ಬಸ್ಸಿನಲ್ಲಿ ವಾಪಸ್ ಬರುವಾಗ ಅದೇ ತಲೆಯಲ್ಲಿ. ನಾವು ಕನ್ನಡದವರು ಮನೆ ಬಿಡುವಾಗ ‘ಹೋಗ್ತೀನಿ’ ಅನ್ನುವುದಿಲ್ಲ. ಬಾಯಿ ತಪ್ಪಿ ಅಂದರೆ ಅಮ್ಮಂದಿರು ‘ಬಿಡ್ತು ಅನ್ನು, ಹೋಗಿ ಬರ್ತೀನಿ ಅನ್ನು’ ಅಂತ ತಿದ್ದುತ್ತಾರೆ. ಅಂದರೆ ಹೊಸ್ತಿಲು ದಾಟುವವರೆಲ್ಲ ಬರುತ್ತೇನೆ ಅಂತ ಮಾತು ಕೊಟ್ಟೇ ಹೋಗುವುದು. ಹಾಗಿರುವಾಗ ‘ಬರಲಿಲ್ಲ’ ಅನ್ನುವುದಕ್ಕೆ ನಮ್ಮಲ್ಲಿ ಇರುವ ಭಾರ ಬೇರೆ ಯಾವ ಪದಕ್ಕೂ ಇಲ್ಲ. 2019ರ ಮಾರ್ಚ್ 1ರ ರಾತ್ರಿ, ಪಾಕಿಸ್ತಾನದ ಸೆರೆಯಲ್ಲಿದ್ದ ಪೈಲಟ್ ಅಭಿನಂದನ್ ಗಡಿ ದಾಟಿದಾಗ ನಮ್ಮ ಮನೆಯಲ್ಲಿ ಟಿವಿ ಮುಂದೆ ಎಲ್ಲರೂ ಕೂಗಿದ್ದು ‘ಬಂದ್ರು, ಬಂದ್ರು’ ಅಂತಲೇ, ‘ಬಿಡುಗಡೆಯಾದರು’ ಅಂತ ಯಾರೂ ಕೂಗಲಿಲ್ಲ.

ಹಾಗಾಗಿ ನನಗೆ ಹೊಳೆದಿದ್ದು ‘ಬಾರದವರು’. ‘ಬಾರದ ಲೋಕ’ ಅನ್ನುವುದು ಹೇಗೂ ಬಳಕೆಯಲ್ಲಿದೆ. ಆದರೆ ಅದೇ ತೊಡಕೂ ಹೌದು. ಆ ಮಾತಿನಿಂದಾಗಿ ‘ಬಾರದವರು’ ಅಂದ ತಕ್ಷಣ ಸತ್ತವರು ಅಂತ ಕೇಳಿಸುತ್ತದೆಯೋ ಏನೋ. ‘ಇನ್ನೂ ಬಾರದವರು’ ಅಂದರೆ ಮೃದುವಾಗುತ್ತದೆ, ಬಾಗಿಲೂ ತೆರೆದಿರುತ್ತದೆ. ಗೋಡೆ ಮೇಲೆ ಬರೆದರೆ ಸ್ವಲ್ಪ ಉದ್ದ. ‘ಮರಳದವರು’ ಪುಸ್ತಕದ ಮಾತಾಯಿತು, ಮಾವನವರ ಬಾಯಲ್ಲಿ ಬರುವಂಥದ್ದಲ್ಲ.

ಇನ್ನೊಂದು ಗಮನಿಸಿದೆ, ವ್ಯಾಕರಣ ಬಲ್ಲವರು ನೋಡಿ ಹೇಳಿ. ಹಳೆಯ ‘ಕಾದು’ ಅಂದರೆ ಹೋರಾಡು, ಅದರಿಂದ ‘ಕಾದಿ’. ‘ಕಾಯು’ ಅಂದರೆ ಎದುರುನೋಡು, ಅದರಿಂದ ‘ಕಾದು’. ಹೋದವರು ಕಾದಿದರು, ಮನೆಯವರು ಕಾದರು. ಬೇರೆ ಬೇರೆ ಪದಗಳೇ, ಆದರೆ ಒಂದು ಅಕ್ಷರದ ಗುಣಿತದಷ್ಟು ಹತ್ತಿರ. ಗೋಡೆಯ ಸಾಲಿನಲ್ಲಿ ಇವೆರಡನ್ನೂ ತರಬೇಕು ಅಂತ ಆಸೆ. ಒಂಬತ್ತನೇ ಕ್ಲಾಸಿನವರಿಗೆ ‘ಕಾದಿದರು’ ತಿಳಿಯುತ್ತದಾ? ‘ಕಾದಾಡಿದರು’ ಅಂದರೆ ತಿಳಿಯುತ್ತದೆ, ಆದರೆ ಆ ಹತ್ತಿರ ಕಳೆದುಹೋಗುತ್ತದೆ.

ಪೈಲಟ್‌ಗೆ ಏನನ್ನಬೇಕು ಅನ್ನುವುದು ಸಣ್ಣ ವಿಷಯ. ‘ಚಾಲಕ’ ಅಂದರೆ ನಮಗೆ ಬಸ್ಸು ನೆನಪಾಗುತ್ತದೆ, ‘ವೈಮಾನಿಕ’ ಪತ್ರಿಕೆಯಲ್ಲಿ ಓದುತ್ತೇವೆ, ಆಡುವುದಿಲ್ಲ. ‘ಪೈಲಟ್’ ಇರಲಿ ಅಂತ ಬಿಟ್ಟಿದ್ದೇನೆ. ‘ಓಡಿಸಿದರು’ ಬದಲು ‘ಹಾರಿಸಿದರು’ ಇಟ್ಟಿದ್ದೇನೆ, ಗುಂಡು ಹಾರಿಸುವುದೂ ಅದೇ ಪದವಾದ್ದರಿಂದ ಯುದ್ಧವಿಮಾನಕ್ಕೆ ಚೆನ್ನಾಗಿ ಒಪ್ಪುತ್ತದೆ.

ಸದ್ಯಕ್ಕೆ ದೇವಯ್ಯನವರ ಸಾಲು ಹೀಗಿದೆ: ‘1965ರ ಸೆಪ್ಟೆಂಬರ್ 7ರಂದು ಸರ್ಗೋಧಾ ಮೇಲೆ ಕಾದಿದರು. ಬರಲಿಲ್ಲ. ಏನಾಯಿತೆಂದು ತಿಳಿಯಲು ನಾಡು ವರ್ಷಗಟ್ಟಲೆ ಕಾದಿತು.’ ಇದರ ಮೇಲೆ ತಲೆಬರಹಕ್ಕೆ ‘ಬಾರದವರು’ ಇಡಲೋ, ‘ಇನ್ನೂ ಬಾರದವರು’ ಇಡಲೋ? ನಿಮ್ಮ ಕಡೆ, ಅದರಲ್ಲೂ ಸೈನ್ಯಕ್ಕೆ ಜಾಸ್ತಿ ಜನ ಹೋಗುವ ಊರುಗಳಲ್ಲಿ, ಹೀಗೆ ಸುದ್ದಿಯೇ ಇಲ್ಲದೆ ಉಳಿದವರಿಗೆ ಮನೆಯಲ್ಲಿ ಏನನ್ನುತ್ತಾರೆ? ಹಿರಿಯರನ್ನು ಕೇಳಿ ಬರೆಯಿರಿ. ಸೋಮವಾರ ಬೆಳಗ್ಗೆ ಹತ್ತಕ್ಕೆ ಪೇಂಟರ್ ಬರುತ್ತಾರೆ.