ಮಗಳಿಗೆ ಟಿವಿಯಲ್ಲಿ ಹವಾಮಾನ ಹೇಳುವ ಆಸೆ, ಅಣ್ಣನ ಮಗನಿಗೆ ಗಾಲ್ಫ್. ಈ ಕೆಲಸಗಳು ಒಳಗಿನಿಂದ ಹೇಗಿರುತ್ತವೆ?

ಮಲ್ಲಿಗೆಬಳ್ಳಿ:

ಎಲ್ಲರಿಗೂ ನಮಸ್ಕಾರ. ನಮ್ಮ ಮನೆಯಲ್ಲಿ 17 ವರ್ಷದ ಇಬ್ಬರಿದ್ದಾರೆ. ಒಬ್ಬಳು ನನ್ನ ಮಗಳು, ಇನ್ನೊಬ್ಬ ನಮ್ಮಣ್ಣನ ಮಗ.

ಮಗಳಿಗೆ ಟಿವಿಯಲ್ಲಿ ಹವಾಮಾನ ಹೇಳಬೇಕಂತೆ. ಯಾರೋ ಬರೆದುಕೊಟ್ಟಿದ್ದನ್ನು ಸುಮ್ನೆ ಓದುವುದು ಬೇಡವಂತೆ. ಹವಾಮಾನ ಶಾಸ್ತ್ರ ಓದಿ, ತಾನೇ ನೋಡಿ, ತಾನೇ ಹೇಳಬೇಕು ಅಂತಾಳೆ. ಗುಡುಗು ಶುರುವಾದರೆ ನಾವೆಲ್ಲ ಕಿಟಕಿ ಮುಚ್ಚುತ್ತೇವೆ, ಇವಳು ಹೋಗಿ ತೆಗೆಯುತ್ತಾಳೆ. ಮಿಂಚು ಕಂಡ ತಕ್ಷಣ ಸೆಕೆಂಡ್ ಎಣಿಸಿ, ಮೂರರಿಂದ ಭಾಗಿಸಿ, ಇಷ್ಟು ಕಿಲೋಮೀಟರ್ ದೂರ ಅಂತ ಹೇಳುತ್ತಾಳೆ.

ಅಣ್ಣನ ಮಗ ಗಾಲ್ಫ್ ಚೆನ್ನಾಗಿಯೇ ಆಡುತ್ತಾನೆ. ಆದರೆ ಕೋಚ್ ಮುಚ್ಚಿಡದೆ ಹೇಳಿಬಿಟ್ಟಿದ್ದಾರೆ: ದೊಡ್ಡ ಚಾಂಪಿಯನ್ ಆಗುವ ಆಟ ಇವನದ್ದಲ್ಲ, ದುಡಿದರೆ ಪ್ರೊ ಆಗಬಹುದು, ಮಧ್ಯದ ಸಾಲಿನಲ್ಲಿ ಉಳಿಯಬಹುದು. ಅಣ್ಣನಿಗೆ ತುಂಬಾ ಬೇಜಾರಾಯಿತು. ಹುಡುಗನಿಗೆ ಆಗಲಿಲ್ಲ. "ಮಧ್ಯದ ಸಾಲು ಅಂದರೂ ಅಲ್ಲಿ ಆಡೋದು ಗಾಲ್ಫೇ ಅಲ್ವಾ ಅತ್ತೆ" ಅಂದ.

ಅಣ್ಣನ ಪ್ರಕಾರ ಟಿವಿ ಅಂದರೆ ತಿಂಗಳ ಸಂಬಳ, ಗಾಲ್ಫ್ ಅಂದರೆ ಜೂಜು. ನನಗೆ ಅಷ್ಟು ಸಲೀಸಾಗಿ ಕಾಣುತ್ತಿಲ್ಲ. ಈ ಕೆಲಸ ಮಾಡಿದವರು ಯಾರಾದರೂ ಇಲ್ಲಿದ್ದೀರಾ? ದಿನ ಹೇಗಿರುತ್ತೆ, ಎಲ್ಲಿ ನೋವಾಗುತ್ತೆ, ಎಷ್ಟು ವರ್ಷ ಕೊಟ್ಟು ನೋಡಬೇಕು? ಹೆಸರು ಮಾಡಿದವರ ಕಥೆ ಎಲ್ಲ ಕಡೆ ಸಿಗುತ್ತೆ. ಹೆಸರಾಗದೆ ಇದರಲ್ಲೇ ಬದುಕು ನಡೆಸಿದವರ ಮಾತು ಬೇಕು.

ಬೆಳಗಿನಜಾವ:

ನಾನು 14 ವರ್ಷ ಟಿವಿಯಲ್ಲಿ ಹವಾಮಾನ ಹೇಳಿದ್ದೇನೆ, ಅದರಲ್ಲಿ ಹತ್ತು ವರ್ಷ ಬೆಳಗಿನ ಪಾಳಿ. ರಾತ್ರಿ ಎರಡಕ್ಕೆ ಅಲಾರಂ. ಆಫೀಸಿಗೆ ಹೋದ ಕೂಡಲೇ ಮೊದಲು ತೆಗೆಯುವುದು ನಿನ್ನೆಯ ನನ್ನ ಲೆಕ್ಕವನ್ನು. ನಾನು ಏನು ಹೇಳಿದ್ದೆ, ಆಗಿದ್ದೇನು? ಇದನ್ನು ಯಾರೂ ಕೇಳುವುದಿಲ್ಲ. ಆದರೂ ಬಿಟ್ಟ ದಿನ ಕೆಲಸ ಕೆಡುತ್ತೆ.

ಆಮೇಲೆ ಹೊಸ ಮಾಹಿತಿ. ಪ್ರಪಂಚದ ನೂರಾರು ಜಾಗಗಳಿಂದ ದಿನಕ್ಕೆ ಎರಡು ಸಲ, ಒಂದೇ ಹೊತ್ತಿಗೆ, ಬಲೂನುಗಳು ಮೇಲೆ ಹೋಗುತ್ತವೆ. ಬಿಸಿ, ತೇವ, ಗಾಳಿ ಅಳೆದು ಕಳಿಸುತ್ತವೆ. ಅದೂ ಉಪಗ್ರಹದ ಮಾಹಿತಿಯೂ ಸೇರಿ ಕಂಪ್ಯೂಟರ್ ಮಾಡೆಲ್‌ಗಳಿಗೆ ಹೋಗುತ್ತೆ. ಅಮೆರಿಕದ ಮಾಡೆಲ್ ಮಳೆ ಅನ್ನುತ್ತೆ, ಯುರೋಪಿನದ್ದು ಬರೀ ಮೋಡ ಅನ್ನುತ್ತೆ. ಇವತ್ತು ಯಾರ ಮಾತು ಕೇಳಬೇಕು ಅಂತ ತೀರ್ಮಾನ ಮಾಡುವುದೇ ನಿಮ್ಮ ಮಗಳ ಕೆಲಸ. ಟಿವಿಯಲ್ಲಿ ಕಾಣುವ ಮೂರು ನಿಮಿಷ ಇದರ ತುದಿ ಮಾತ್ರ.

ಒಂದು ಚೂರು ವ್ಯತ್ಯಾಸ ದಿನ ಕಳೆದಂತೆ ಎಷ್ಟು ದೊಡ್ಡದಾಗುತ್ತೆ ಅಂತ ಹವಾಮಾನ ವಿಜ್ಞಾನಿ ಎಡ್ವರ್ಡ್ ಲೊರೆಂಜ್ 1963ರಲ್ಲೇ ತೋರಿಸಿಕೊಟ್ಟರು. ಅದಕ್ಕೇ ಯುರೋಪಿನವರು ಒಂದೇ ಲೆಕ್ಕವನ್ನು ಶುರುವಿನಲ್ಲಿ ಸ್ವಲ್ಪ ಸ್ವಲ್ಪ ಬದಲಿಸಿ 50 ಸಲ ಓಡಿಸುತ್ತಾರೆ. ಅದರಲ್ಲಿ 45ರಲ್ಲಿ ಮಳೆ ಬಂದರೆ ಧೈರ್ಯವಾಗಿ ಹೇಳುತ್ತೇನೆ. 20ರಲ್ಲಿ ಬಂದರೆ ಶೇಕಡ 40ರ ಆಸುಪಾಸು ಅನ್ನುತ್ತೇನೆ. ಇಂಥ ಹತ್ತು ದಿನಗಳಲ್ಲಿ ನಾಲ್ಕು ದಿನ ಮಳೆ ಬರುತ್ತೆ ಅಂತ ಅದರ ಅರ್ಥ. ಮಳೆ ಬರದಿದ್ದರೆ ಸುಳ್ಳು ಹೇಳಿದೆ ಅಂತಾರೆ, ಬಂದರೆ ಬರೀ 40 ಅಂದಿದ್ದೆ ಅಂತಾರೆ. ಬೈಗುಳ ಎರಡು ಕಡೆಯಿಂದಲೂ ಬರುತ್ತೆ, ಮಗಳಿಗೆ ಈಗಲೇ ಹೇಳಿಡಿ.

ಇನ್ನು ಸ್ಟುಡಿಯೋ. ನಮ್ಮ ಹಿಂದೆ ನಕ್ಷೆ ಇರುವುದಿಲ್ಲ, ಬರೀ ಹಸಿರು ಗೋಡೆ. ನಕ್ಷೆ ಕಾಣುವುದು ಎರಡೂ ಪಕ್ಕದ ಮಾನಿಟರ್‌ನಲ್ಲಿ. ಮೊದಲ ದಿನ ನಾನು ಕೈ ಎತ್ತಿದರೆ ಬೆರಳು ಸಮುದ್ರದ ಮಧ್ಯೆ ನಿಂತಿತ್ತು. ಮಾನಿಟರ್ ನೋಡುತ್ತಾ ಖಾಲಿ ಗೋಡೆಯ ಮೇಲೆ ಸರಿಯಾದ ಜಾಗ ಮುಟ್ಟುವುದು ಕೈಗೆ ಕೂರಲು ಮೂರು ವಾರ ಬೇಕಾಯಿತು. ಹಸಿರು ಬಟ್ಟೆ ಹಾಕುವ ಹಾಗಿಲ್ಲ, ಹಾಕಿದರೆ ಹೊಟ್ಟೆಯ ಮೇಲೇ ಮೋಡ ಓಡುತ್ತೆ. ಸುದ್ದಿ ಓದುವವರ ಮುಂದೆ ಬರಹ ಓಡುತ್ತಿರುತ್ತೆ, ನಮ್ಮಲ್ಲಿ ಬಹಳ ಜನ ಅದಿಲ್ಲದೆ ಮಾತಾಡುತ್ತೇವೆ. ಅಂಗೈಯಲ್ಲಿ ಚಿತ್ರ ಬದಲಿಸುವ ಬಟನ್. ಕಿವಿಯಲ್ಲಿ ಪ್ರೊಡ್ಯೂಸರ್ "30 ಸೆಕೆಂಡ್ ಕಮ್ಮಿ ಮಾಡಿ" ಅಂತಾರೆ. ಆಗ ಯಾವ ಮಾತು ಬಿಡಬೇಕು ಅಂತ ಗೊತ್ತಿರಬೇಕಾದರೆ ಆ ದಿನದ ಮೋಡ ನಿಜಕ್ಕೂ ಅರ್ಥವಾಗಿರಬೇಕು.

ಸಂಬಳ ಖಚಿತ ಅನ್ನುವ ನಿಮ್ಮಣ್ಣನ ಮಾತಿಗೆ ಬರುತ್ತೇನೆ. ಸಾಮಾನ್ಯವಾಗಿ ಎರಡು ಮೂರು ವರ್ಷದ ಕರಾರು. ಮುಗಿದಾಗ ಚಾನೆಲ್ ಬೇಡ ಅಂದರೆ ಮುಗಿಯಿತು. ನನಗೂ ಒಂದು ಸಲ ಹಾಗಾಗಿದೆ, ಏಳು ತಿಂಗಳು ಮನೆಯಲ್ಲಿದ್ದೆ. ಅಮೆರಿಕದಲ್ಲಿ ಟಿವಿ ಊರುಗಳನ್ನು 210 ಮಾರ್ಕೆಟ್ ಅಂತ ಸಾಲು ಹಚ್ಚಿದ್ದಾರೆ. ಬಹಳ ಜನ ಅದರ ತಳದಿಂದ ಶುರು ಮಾಡಿ, ಊರು ಬದಲಿಸುತ್ತಾ ಮೇಲೆ ಹತ್ತುತ್ತಾರೆ. ಕೆಲವರು ಚಿಕ್ಕ ಊರಲ್ಲೇ 30 ವರ್ಷ ನಿಂತು ಮನೆಮಂದಿಯಂತಾಗುತ್ತಾರೆ, ಅದೂ ಒಳ್ಳೆಯ ಬದುಕೇ. ಓದು ಮಾತ್ರ ಬಿಡಬಾರದು. ಅಮೆರಿಕನ್ ಮೀಟಿಯೊರಲಾಜಿಕಲ್ ಸೊಸೈಟಿ 2005ರಿಂದ ಟಿವಿ ಹವಾಮಾನದವರಿಗೆ ಕೊಡುವ ಪ್ರಮಾಣಪತ್ರಕ್ಕೆ ಈ ಶಾಸ್ತ್ರದ ಪದವಿ ಬೇಕು, ಪರೀಕ್ಷೆಯೂ ಇದೆ. ಪದವಿ ಇದ್ದರೆ ಟಿವಿ ಕೈಬಿಟ್ಟರೂ ವಿಮಾನಯಾನ, ವಿದ್ಯುತ್, ವಿಮೆ ಇಂಥ ಕಡೆ ಕೆಲಸ ಸಿಗುತ್ತೆ.

ನೋವು ಎಲ್ಲಿ ಅಂತ ಕೇಳಿದ್ದೀರಿ. ಒಂದು ಸಲ ಮೂರು ದಿನ ಒಣಹವೆ ಅಂದೆ. ಎರಡನೇ ದಿನ ಸಂಜೆ ಮಳೆ ಸುರಿಯಿತು. ಒಬ್ಬ ರೈತರು ಎರಡೇ ಸಾಲು ಬರೆದಿದ್ದರು: ನಿಮ್ಮ ಮಾತು ಕೇಳಿ ಬೆಳೆ ಕೊಯ್ದು ಹರಡಿದ್ದೆ, ಎಲ್ಲ ನೆನೆಯಿತು. ಬೈದಿರಲಿಲ್ಲ. ಆ ಕಾಗದ ಇವತ್ತಿಗೂ ನನ್ನ ಮೇಜಿನ ಡ್ರಾಯರ್‌ನಲ್ಲಿದೆ. ಈಗಿನ ಐದು ದಿನದ ಮುನ್ಸೂಚನೆ 20 ವರ್ಷದ ಹಿಂದಿನ ಮೂರು ದಿನದ್ದರಷ್ಟು ಚೆನ್ನಾಗಿದೆ, ಅಂದರೆ ಕಸುಬು ಮುಂದೆ ಹೋಗುತ್ತಲೇ ಇದೆ. ಆದರೆ ಆ ಮನೆಯವರಿಗೆ ಅದರಿಂದ ಏನಾಗಬೇಕು?

ಹದಿನೆಂಟನೇಗುಳಿ:

ನಾನು ಒಂಬತ್ತು ವರ್ಷ ಪ್ರೊ ಆಗಿ ಆಡಿದೆ. ಹೆಚ್ಚಿನದೆಲ್ಲ ಕೆಳಗಿನ ಟೂರ್‌ಗಳಲ್ಲಿ. ಎಲ್ಲೂ ಗೆದ್ದಿಲ್ಲ. ನಿಮ್ಮ ಹುಡುಗನ ಮಾತು ಓದಿ ತುಂಬಾ ಖುಷಿಯಾಯಿತು.

ನಿಮ್ಮಣ್ಣನಿಗೆ ಲೆಕ್ಕ ಹೀಗೆ ಹೇಳಿ. ಟೂರ್ನಿ ನಾಲ್ಕು ದಿನ, 72 ಹೋಲ್ (ಗುಳಿ). ಎರಡು ದಿನ ಆದ ಮೇಲೆ ಕಟ್. ಅಮೆರಿಕದ ದೊಡ್ಡ ಪ್ರೊ ಸರಣಿಯಾದ ಪಿಜಿಎ ಟೂರ್‌ನಲ್ಲಾದರೆ ಮೊದಲ 65 ಜನ, ಜೊತೆಗೆ 65ನೆಯವನ ಸಮಕ್ಕೆ ಇರುವವರು ಉಳಿಯುತ್ತಾರೆ. ಮಿಕ್ಕವರು ಮನೆಗೆ, ಸಾಮಾನ್ಯವಾಗಿ ಒಂದು ಪೈಸೆ ಬಹುಮಾನವಿಲ್ಲ. ಹೋಟೆಲ್, ಪ್ರಯಾಣ, ಬ್ಯಾಗ್ ಹೊತ್ತು ಜೊತೆಗಿರುವ ಕ್ಯಾಡಿಯ ಸಂಬಳ ಎಲ್ಲ ಆಟಗಾರನ ಜೇಬಿನಿಂದಲೇ. ಗೆದ್ದವನಿಗೆ ಒಟ್ಟು ಬಹುಮಾನದಲ್ಲಿ ನೂರಕ್ಕೆ 18ರಷ್ಟು ಸಿಗುತ್ತೆ, ಕಟ್ ದಾಟಿ ಕೊನೆಗೆ ಬಂದವನಿಗೆ ನೂರು ರೂಪಾಯಿಗೆ ನಾಲ್ಕಾಣೆಯಷ್ಟೂ ಇಲ್ಲ. ಹಾಗಾಗಿ ಇದು ಜೂಜಿಗಿಂತ ಜಾಸ್ತಿ ಚಿಕ್ಕ ಅಂಗಡಿ ನಡೆಸಿದ ಹಾಗೆ. ಬಾಡಿಗೆ ಪ್ರತಿ ವಾರ ಕಟ್ಟಬೇಕು, ವ್ಯಾಪಾರ ಕೆಲವು ವಾರ ಮಾತ್ರ.

ಒಂದು ಶುಕ್ರವಾರ ಹೇಳುತ್ತೇನೆ. ನನ್ನ ಎರಡನೇ ಸುತ್ತು ಮಧ್ಯಾಹ್ನ ಒಂದಕ್ಕೆ ಮುಗಿಯಿತು. ಎರಡು ದಿನ ಸೇರಿ ಪಾರ್‌ಗಿಂತ, ಅಂದರೆ ನಿಗದಿಯಾದ ಹೊಡೆತಗಳಿಗಿಂತ, ಒಂದು ಕಮ್ಮಿ. ಗಾಲ್ಫ್‌ನಲ್ಲಿ ಕಮ್ಮಿ ಹೊಡೆತದವನೇ ಮುಂದೆ. ಕಟ್ ಆಗ ಎರಡು ಕಮ್ಮಿಗೆ ನಿಂತಿತ್ತು, ಅಂದರೆ ನಾನು ಹೊರಗೆ. ಸ್ಕೋರ್‌ಕಾರ್ಡಿನ 18 ಮನೆಗಳನ್ನೂ ಬೆರಳಿಟ್ಟು ನೋಡಿ ಸಹಿ ಹಾಕಿದೆ. ಹನ್ನೆರಡನೇ ಹೋಲ್‌ನ ಐದರ ಮೇಲೆ ಬೆರಳು ನಿಂತಿತು. ನಾಲ್ಕು ಅಡಿ ದೂರದಿಂದ ಚೆಂಡನ್ನು ಉರುಳಿಸುವ ಪಟ್ ಅದು, ಗುಳಿಯ ಅಂಚು ಸುತ್ತಿ ಹೊರಗೆ ಬಂದಿತ್ತು. ಕ್ಯಾಡಿ ಬ್ಯಾಗನ್ನು ಕಾರಿನ ಡಿಕ್ಕಿಗೆ ಹಾಕಿದ, ಆದರೆ ಮುಚ್ಚಲಿಲ್ಲ. ಇಬ್ಬರೂ ಅಲ್ಲೇ ನಿಂತು ದೂರದ 18ನೇ ಗುಳಿಯ ಬಾವುಟ ನೋಡುತ್ತಿದ್ದೆವು. ಮೂರು ಗಂಟೆವರೆಗೆ ಅದು ಕಂಬಕ್ಕೆ ಅಂಟಿಕೊಂಡಿತ್ತು. ಮೂರೂವರೆಗೆ ಅಲುಗಾಡಿತು. ನಾಲ್ಕಕ್ಕೆ ಪಟಪಟ ಬಡಿಯತೊಡಗಿತು. ಮಧ್ಯಾಹ್ನ ಆಡುತ್ತಿದ್ದವರ ಬೋಗಿಗಳು (ಒಂದು ಗುಳಿಗೆ ಪಾರ್‌ಗಿಂತ ಒಂದು ಹೊಡೆತ ಜಾಸ್ತಿ) ಫೋನಿನಲ್ಲಿ ಒಂದೊಂದಾಗಿ ಬಂದವು. ಐದೂಕಾಲಿಗೆ ಕಟ್ ಒಂದು ಕಮ್ಮಿಗೆ ಇಳಿಯಿತು. ಕ್ಯಾಡಿ ಏನೂ ಮಾತಾಡದೆ ಬ್ಯಾಗ್ ಹೊರಗೆ ತೆಗೆದ. ಆ ವಾರ 58ನೆಯವನಾಗಿ ಮುಗಿಸಿದೆ, ಇನ್ನು ಮೂರು ವಾರ ಆಡುವಷ್ಟು ದುಡ್ಡು ಬಂತು.

ಬೆಳಗಿನಜಾವ ಅವರೇ, ಆ ಗಾಳಿ ಬರುತ್ತೆ ಅಂತ ಹಿಂದಿನ ರಾತ್ರಿಯೇ ಟಿವಿಯಲ್ಲಿ ಹೇಳಿದ್ದರು. ನಮ್ಮಂಥವರು ನಿಮ್ಮನ್ನು ಎಷ್ಟು ಗಮನವಿಟ್ಟು ಕೇಳುತ್ತೇವೆ ಅಂತ ನಿಮಗೆ ಗೊತ್ತಿರಲಿ. ಒಬ್ಬರಿಗೆ ಗುರುವಾರ ಬೆಳಿಗ್ಗೆ ಟೀ ಟೈಮ್ (ಆಟ ಶುರು ಮಾಡುವ ಹೊತ್ತು), ಶುಕ್ರವಾರ ಮಧ್ಯಾಹ್ನ. ಇನ್ನೊಬ್ಬರಿಗೆ ಅದು ಉಲ್ಟಾ. ಹವೆ ಕೆಟ್ಟರೆ ಅಷ್ಟರಲ್ಲೇ ಎರಡು ಹೊಡೆತದ ವ್ಯತ್ಯಾಸ ಬಂದುಬಿಡುತ್ತೆ.

ದಾರಿ ಈಗ ಇನ್ನೂ ಕಿರಿದಾಗಿದೆ. ಪಿಜಿಎ ಟೂರ್‌ನಲ್ಲಿ ಪೂರ್ತಿ ಕಾರ್ಡ್, ಅಂದರೆ ಮುಂದಿನ ಸೀಸನ್ ಆಡುವ ಹಕ್ಕು, ಉಳಿಸಿಕೊಳ್ಳುತ್ತಿದ್ದವರು 125 ಜನ, 2026ರ ಸೀಸನ್‌ನಿಂದ 100. ಕ್ಯೂ ಸ್ಕೂಲ್ ಅನ್ನುವ ಅರ್ಹತಾ ಪಂದ್ಯದ ಕೊನೆ ಹಂತದಿಂದ ನೇರ ಕಾರ್ಡ್ ಸಿಗುವುದು ಮೇಲಿನ ಐದು ಸ್ಥಾನಕ್ಕೆ. ಇನ್ನೊಂದು ದಾರಿ ಸೋಮವಾರದ ಅರ್ಹತಾ ಸುತ್ತು: ಒಂದೇ ದಿನ, 18 ಹೋಲ್, ಹೆಚ್ಚೆಂದರೆ ನಾಲ್ಕೇ ಜಾಗ. ಅರ್ಜುನ್ ಅಟ್ವಾಲ್ 2010ರಲ್ಲಿ ಕಾರ್ಡ್ ಕಳೆದುಕೊಂಡ ಮೇಲೆ ಹಾಗೆ ಸೋಮವಾರ ಒಳಗೆ ಬಂದು, ಅದೇ ವಾರ ವಿಂಡಮ್ ಚಾಂಪಿಯನ್‌ಶಿಪ್ ಗೆದ್ದರು. ಪಿಜಿಎ ಟೂರ್‌ನಲ್ಲಿ ಗೆದ್ದ ಮೊದಲ ಭಾರತೀಯ ಅವರೇ. ನಾನು 23 ಸಲ ಸೋಮವಾರ ಆಡಿದ್ದೇನೆ, ಎರಡು ಸಲ ಒಳಗೆ ಹೋದೆ.

ಎಷ್ಟು ವರ್ಷ ಅಂತ ಕೇಳಿದ್ದೀರಿ. ವಯಸ್ಸಿನ ಗಡುವು ಹಾಕಬೇಡಿ, ದುಡ್ಡಿನ ಗಡುವು ಹಾಕಿ. ಮನೆ ಇಷ್ಟು ಕೊಡುತ್ತೆ, ಅದು ಮುಗಿದರೆ ಕೂತು ಮಾತಾಡೋಣ ಅಂತ ಮೊದಲೇ ಹೇಳಿ. ನನಗೆ ಹಾಗೆ ಯಾರೂ ಹೇಳಲಿಲ್ಲ, ಕೊನೆಯ ಎರಡು ವರ್ಷ ಸಾಲ ಮಾಡಿ ಆಡಿದೆ. ಈಗ ಕ್ಲಬ್ಬಿನಲ್ಲಿ ಆಟ ಕಲಿಸುತ್ತೇನೆ, ಬೆಳಿಗ್ಗೆ ಆರಕ್ಕೆ ಒದ್ದೆ ಹುಲ್ಲಿನ ಮೇಲೆ ಇರುತ್ತೇನೆ. 2023ರ ಪಿಜಿಎ ಚಾಂಪಿಯನ್‌ಶಿಪ್‌ನಲ್ಲಿ 15ನೇ ಸ್ಥಾನ ಹಂಚಿಕೊಂಡ ಮೈಕಲ್ ಬ್ಲಾಕ್ ಕೂಡ ಕ್ಲಬ್ಬಿನಲ್ಲಿ ಕಲಿಸುವವರೇ. ಕೊನೆಯ ದಿನ ಅವರು ಒಂದೇ ಹೊಡೆತಕ್ಕೆ ಗುಳಿಗೆ ಹಾಕಿದ್ದನ್ನು ನೋಡಿ ನಾನು ಅತ್ತುಬಿಟ್ಟೆ.

ಬೆಳಗಿನಜಾವ:

ಆ ಬಾವುಟದ ಮಾತು ಓದಿ ನನಗೂ ಗಂಟಲು ಕಟ್ಟಿತು ಸರ್.

ಮಲ್ಲಿಗೆಬಳ್ಳಿ ಮೇಡಂ, ಒಂದು ವಿಷಯ ಬಿಟ್ಟಿದ್ದೆ. ದೊಡ್ಡ ಗಾಲ್ಫ್ ಟೂರ್ನಿಗಳಲ್ಲಿ ಮೈದಾನದಲ್ಲೇ ಕೂತು ರೇಡಾರ್ ನೋಡುವ ಹವಾಮಾನ ತಜ್ಞರಿರುತ್ತಾರೆ. 1975ರ ವೆಸ್ಟರ್ನ್ ಓಪನ್‌ನಲ್ಲಿ ಆಟಗಾರ ಲೀ ಟ್ರೆವಿನೊ ಅವರಿಗೆ ಸಿಡಿಲು ಬಡಿದಿತ್ತು. 1991ರ ಯುಎಸ್ ಓಪನ್‌ನಲ್ಲಿ ಪ್ರೇಕ್ಷಕರೊಬ್ಬರು ಸತ್ತೇ ಹೋದರು. ಈಗ ಅಪಾಯ ಹತ್ತಿರ ಬಂದರೆ ಉದ್ದಕ್ಕೆ ಒಂದೇ ಸೈರನ್, ಕೈಯಲ್ಲಿದ್ದ ಹೊಡೆತವನ್ನೂ ಬಿಟ್ಟು ನಿಲ್ಲಬೇಕು. ಟೋಕಿಯೋ ಒಲಿಂಪಿಕ್ಸ್‌ನಲ್ಲಿ ಅದಿತಿ ಅಶೋಕ್ ಪದಕದ ಹತ್ತಿರ ಇದ್ದ ಕೊನೆಯ ಸುತ್ತು ನೆನಪಿದೆಯಾ? ಕೊನೆಯ ಎರಡು ಹೋಲ್ ಹತ್ತಿರ ಆಟ ಮುಕ್ಕಾಲು ಗಂಟೆಯಷ್ಟು ನಿಂತಿತ್ತು. ಆಮೇಲೆ ಒಂದೇ ಹೊಡೆತದಲ್ಲಿ ಕಂಚು ತಪ್ಪಿ ನಾಲ್ಕನೆಯವರಾದರು. ನಿಮ್ಮ ಮಿಂಚು ಎಣಿಸುವ ಮಗಳಿಗೆ ಈ ಕೆಲಸವೂ ಇದೆ ಅಂತ ಹೇಳಿ.

ಇವತ್ತಿನಿಂದಲೇ ಅವಳು ಒಂದು ನೋಟ್‌ಬುಕ್ ಇಡಲಿ. ರಾತ್ರಿ ನಾಳೆಯದ್ದು ಬರೆಯಲಿ: ಮಳೆ ಶೇಕಡ ಎಷ್ಟು, ಗಾಳಿ ಯಾವ ಕಡೆ. ಮಾರನೇ ದಿನ ಪಕ್ಕದಲ್ಲಿ ಆಗಿದ್ದನ್ನು ಬರೆಯಲಿ. ತಪ್ಪಿದ್ದನ್ನು ಒರೆಸಬಾರದು.

ಮಲ್ಲಿಗೆಬಳ್ಳಿ:

ಇಬ್ಬರಿಗೂ ಕೈ ಮುಗಿದೆ. ಪೂರ್ತಿ ಓದಿ ಅಣ್ಣನಿಗೂ ಕಳಿಸಿದೆ. ಅವನು ಫೋನ್ ಮಾಡಿ ಬರೀ ಒಂದು ಪ್ರಶ್ನೆ ಕೇಳಿದ: ಒಂದು ವರ್ಷಕ್ಕೆ ಎಷ್ಟು ಬೇಕಾಗುತ್ತೆ ಅಂತ ಕೋಚ್ ಹತ್ತಿರ ಬರೆಸಿಕೊಂಡು ಬರೋಣವಾ? ಬೇಡ ಅನ್ನುತ್ತಿದ್ದವನು ಅಷ್ಟು ಕೇಳಿದ್ದೇ ನನಗೆ ಸಮಾಧಾನ.

ನೋಟ್‌ಬುಕ್ ಶುರುವಾಗಿ ಮೂರು ದಿನ ಆಯಿತು. ಮೊದಲ ದಿನ ಮಳೆ ಶೇಕಡ 70 ಅಂತ ಬರೆದಿದ್ದಳು, ಹನಿಯೂ ಬರಲಿಲ್ಲ. ಪಕ್ಕದಲ್ಲಿ ಕೆಂಪು ಶಾಯಿಯಲ್ಲಿ ಅದನ್ನೇ ಬರೆದಿದ್ದಾಳೆ. ಶನಿವಾರ ಹುಡುಗನಿಗೆ ಟೂರ್ನಿ ಇದೆ. ಗಾಳಿ ಹೇಗಿರುತ್ತೆ ಅಂತ ನಿನ್ನೆ ರಾತ್ರಿ ಅವಳನ್ನೇ ಕೇಳಿದ. ಪಶ್ಚಿಮದಿಂದ, ಹತ್ತು ಗಂಟೆ ಮೇಲೆ ಜೋರು ಅಂತ ಚೀಟಿಯಲ್ಲಿ ಬರೆದುಕೊಟ್ಟಿದ್ದಾಳೆ. ಅವನ ಟೀ ಟೈಮ್ 9:40ಕ್ಕೆ.