ಕೊಲೆ ಕೇಸಿನಲ್ಲಿ ಜಾಮೀನು: ಮುಂದೆ ಯಾವ ಕೋರ್ಟು?

ಹಾಸನದವ:
ನಮ್ಮ ಭಾವ ಕೊಲೆ ಕೇಸಿನಲ್ಲಿ ನಾಲ್ಕನೇ ಆರೋಪಿ. ಗಲಾಟೆ ನಡೆದ ಜಾಗದಲ್ಲಿದ್ದರು, ಆದರೆ ಹೊಡೆದರು ಅಂತ ಯಾವ ಸಾಕ್ಷಿಯೂ ಹೇಳಿಲ್ಲ. ಮ್ಯಾಜಿಸ್ಟ್ರೇಟ್ ಕೋರ್ಟು ಜಾಮೀನು ಕೊಡಲಿಲ್ಲ. ಚಾರ್ಜ್‌ಶೀಟ್ 90 ದಿನದೊಳಗೇ ಬಂತು. ಅಕ್ಕ ದಿನಾ ಕೇಳ್ತಾಳೆ, ಏನು ಹೇಳಲಿ?

ಕರಿಕೋಟು:
ಅದು ಸಹಜ. ಮರಣದಂಡನೆ, ಜೀವಾವಧಿ ಶಿಕ್ಷೆಯ ಕೇಸಿನಲ್ಲಿ ಮ್ಯಾಜಿಸ್ಟ್ರೇಟರ ಕೈ ಕಟ್ಟಿರುತ್ತದೆ. ಹೆಂಗಸರು, ಮಕ್ಕಳು, ಕಾಯಿಲೆಯವರಿಗೆ ವಿನಾಯಿತಿ ಉಂಟು. ನೀವು ಬಿಎನ್‌ಎಸ್‌ಎಸ್ (ಹಳೆಯ ಸಿಆರ್‌ಪಿಸಿ ಬದಲು ಬಂದ ಕ್ರಿಮಿನಲ್ ವಿಚಾರಣೆಯ ಕಾನೂನು) 483ನೇ ಸೆಕ್ಷನ್ ಅಡಿ ಸೆಷನ್ಸ್ ಕೋರ್ಟಿಗೆ ಹೋಗಿ. ಭಾವನ ಪಾತ್ರ ಏನು, ಸಾಕ್ಷಿಗಳನ್ನು ಹೆದರಿಸ್ತಾರಾ, ತಲೆಮರೆಸಿಕೊಳ್ತಾರಾ ಅಂತ ನೋಡುತ್ತಾರೆ. 'ಎಲ್ಲರ ಉದ್ದೇಶವೂ ಒಂದೇ' ಅಂತ ಸರ್ಕಾರಿ ವಕೀಲರು ಹಿಡಿದೇ ಹಿಡಿಯುತ್ತಾರೆ, ಅದಕ್ಕೆ ಉತ್ತರ ಇಟ್ಟುಕೊಳ್ಳಿ.

ಮಲೆನಾಡಿಗ:
ಚಾರ್ಜ್‌ಶೀಟ್ ಬಾರದೆ 90 ದಿನ ದಾಟಿದ್ದರೆ ಜಾಮೀನು ಹಕ್ಕಾಗ್ತಿತ್ತು, ಅಲ್ವಾ?

ಕರಿಕೋಟು:
ಹೌದು. ಚಾರ್ಜ್‌ಶೀಟ್ ಬರುವ ಮೊದಲೇ ಅರ್ಜಿ ಹಾಕಿರಬೇಕು. ಇವರಿಗೆ ಆ ದಾರಿ ಇಲ್ಲ. ಇನ್ನೊಂದು, ಸಿಕ್ಕ ಜಾಮೀನೂ ಹೋಗಬಹುದು. ರೇಣುಕಾಸ್ವಾಮಿ ಕೊಲೆ ಪ್ರಕರಣದಲ್ಲಿ ಹೈಕೋರ್ಟ್ 2024ರ ಡಿಸೆಂಬರ್‌ನಲ್ಲಿ ಕೊಟ್ಟದ್ದನ್ನು ಸುಪ್ರೀಂ ಕೋರ್ಟ್ 2025ರ ಆಗಸ್ಟ್ 14ರಂದು ರದ್ದು ಮಾಡಿತು.

ಹಾಸನದವ:
ಸಾಕ್ಷಿಗಳೆಲ್ಲ ನಮ್ಮ ಬೀದಿಯವರೇ ಸಾರ್.

ಕರಿಕೋಟು:
ಹಾಗಾದರೆ ಜಾಮೀನು ಸಿಕ್ಕರೆ ಭಾವ ಬೇರೆ ಊರಲ್ಲಿ ಇರುತ್ತಾರೆ ಅಂತ ಅರ್ಜಿಯಲ್ಲೇ ಬರೆಸಿ, ವಿಳಾಸ ಸಮೇತ.