ಪ್ರವಾಸಕ್ಕೆ ಪುಟ್ಟ ಜೂಮ್ ಕ್ಯಾಮೆರಾ: ಬಳಸಿದವರು ಹೇಳಿ

ಕೇಳಿದವರು, ತುಮಕೂರು

ಎಲ್ಲರಿಗೂ ನಮಸ್ಕಾರ. ನಾನು ಶಾಲೆಯಲ್ಲಿ ಟೀಚರ್. ರಜೆ ಸಿಕ್ಕರೆ ನಾನೂ ನಮ್ಮ ಮನೆಯವರೂ ಊರು ಸುತ್ತುತ್ತೇವೆ. ದೇವಸ್ಥಾನ, ಬೆಟ್ಟ, ಹಕ್ಕಿ, ಎಲ್ಲದರ ಫೋಟೋ ತೆಗೆಯುವ ಆಸೆ. ದೊಡ್ಡ ಕ್ಯಾಮೆರಾ ಮತ್ತು ಲೆನ್ಸ್‌ಗಳನ್ನು ಹೊತ್ತು ತಿರುಗುವುದು ನನ್ನಿಂದ ಆಗಲ್ಲ. ಜೇಬಿಗೆ ಹಿಡಿಯುವ 30ಎಕ್ಸ್, 40ಎಕ್ಸ್ ಜೂಮ್ ಕ್ಯಾಮೆರಾಗಳು ಬರುತ್ತವಲ್ಲ, ಅವು ಹೇಗಿವೆ? ಫೋನ್ ಇರುವಾಗ ಅದೂ ಬೇಕಾ? ಪ್ಯಾನಸೋನಿಕ್ ಟಿಜೆಡ್95, ಕ್ಯಾನನ್ ಎಸ್‌ಎಕ್ಸ್740, ಸೋನಿ ಎಚ್‌ಎಕ್ಸ್99, ಈ ಮೂರರ ಹೆಸರು ಕೇಳಿದ್ದೇನೆ. ಬಳಸಿದವರು ದಯವಿಟ್ಟು ತಿಳಿಸಿ.

ಶಿರಾದಿಂದ

ಮೇಡಂ, ಟಿಜೆಡ್95 ನನ್ನ ಹತ್ತಿರ ಇದೆ. ಮೊದಲು ಫೋನಿನ ವಿಷಯ ಮುಗಿಸೋಣ. ಒಳ್ಳೆಯ ಫೋನುಗಳ ದೂರದ ಲೆನ್ಸ್ ಈಗ 120 ಎಂಎಂ ಆಸುಪಾಸಿಗೆ ಬಂದಿದೆ (ಈ ಎಂಎಂ ಸಂಖ್ಯೆ ದೊಡ್ಡದಾದಷ್ಟೂ ದೂರದ್ದು ಹತ್ತಿರ ಕಾಣುತ್ತದೆ). ಅಲ್ಲಿಯವರೆಗೆ ಫೋನೇ ಸಾಕು. ಕತ್ತಲಲ್ಲಂತೂ ಫೋನೇ ಗೆಲ್ಲುತ್ತದೆ, ಯಾಕೆಂದರೆ ಅದು ಹಲವು ಫೋಟೋಗಳನ್ನು ಒಟ್ಟಿಗೆ ಸೇರಿಸಿ ಒಂದು ಮಾಡುತ್ತದೆ. ಟಿಜೆಡ್95 ಇರುವುದು 24ರಿಂದ 720 ಎಂಎಂ. ಅಂದರೆ ಫೋನ್ ನಿಲ್ಲುವ ಕಡೆಯಿಂದ ಮುಂದಕ್ಕೆ ಮಾತ್ರ ಅದಕ್ಕೆ ಬೆಲೆ. ನೀವು ಕೊಡುವ ದುಡ್ಡೂ ಅದಕ್ಕೇ.

ಆ ಮುಂದಿನದು ಏನು ಅಂತ ನೋಡಬೇಕಾದರೆ ನಮ್ಮ ಕಗ್ಗಲಡುಗೆ ಬನ್ನಿ. ಊರೊಳಗಿನ ಹುಣಸೆ ಮರಗಳ ಮೇಲೆ ಬಣ್ಣದ ಕೊಕ್ಕರೆಗಳು ಗೂಡು ಕಟ್ಟುತ್ತವೆ. ಬೀದಿಯಲ್ಲಿ ನಿಂತು ಫೋನಲ್ಲಿ ತೆಗೆದರೆ ಮರ ಬರುತ್ತದೆ, ಮೇಲೆ ಬಿಳಿ ಚುಕ್ಕೆಗಳು ಬರುತ್ತವೆ. ಜೂಮ್ ಪೂರ್ತಿ ಎಳೆದರೆ ಒಂದೇ ಹಕ್ಕಿ. ಹಳದಿ ಕೊಕ್ಕು, ಕೂದಲಿಲ್ಲದ ಕಿತ್ತಳೆ ಮುಖ, ಬಾಲದ ಹತ್ತಿರದ ಗುಲಾಬಿ ಗರಿ, ಎಲ್ಲ ಬಿಡಿಬಿಡಿಯಾಗಿ ಕಾಣುತ್ತದೆ. ಮರದ ಬುಡಕ್ಕೆ ಹೋಗಿ ಹಕ್ಕಿಗೆ ತೊಂದರೆ ಕೊಡುವ ಕೆಲಸವೂ ಇಲ್ಲ.

ಆದರೆ ಇದು ಬಿಸಿಲಿದ್ದಾಗಿನ ಮಾತು. ಜೂಮ್ ಹೊರಗೆ ಬಂದಷ್ಟೂ ಲೆನ್ಸ್ ಒಳಗೆ ಬಿಡುವ ಬೆಳಕು ಕಡಿಮೆ ಆಗುತ್ತದೆ. 24ರಲ್ಲಿ ಎಫ್3.3 ಇದ್ದದ್ದು 720ರಲ್ಲಿ ಎಫ್6.4 ಆಗುತ್ತದೆ; ಈ ಎಫ್ ಸಂಖ್ಯೆ ಏರಿದಷ್ಟೂ ಬೆಳಕು ಕಡಿಮೆ. ಹೆಚ್ಚುಕಡಿಮೆ ಕಾಲುಭಾಗ ಬೆಳಕು. ಬೆಳಕು ಹಿಡಿಯುವ ಚಿಪ್, ಅಂದರೆ ಸೆನ್ಸರ್ ಕೂಡ ಚಿಕ್ಕದು, ಸುಮಾರು 6.2 ಗುಣಿಸು 4.6 ಮಿಲಿಮೀಟರ್ ಅಷ್ಟೇ. ಮೋಡ ಕವಿದರೆ ಐಎಸ್‌ಒ (ಕಡಿಮೆ ಬೆಳಕನ್ನು ಹಿಗ್ಗಿಸಿ ತೋರಿಸುವ ಮಟ್ಟ) ಏರುತ್ತದೆ, ಗರಿಗಳೆಲ್ಲ ಒದ್ದೆ ಬಟ್ಟೆಯಲ್ಲಿ ಒರೆಸಿದ ಹಾಗೆ ಆಗುತ್ತವೆ. ಕೈ ನಡುಗಿದ್ದನ್ನು ಕ್ಯಾಮೆರಾ ಸರಿ ಮಾಡುತ್ತದೆ, ಹಕ್ಕಿ ಅಲುಗಿದ್ದನ್ನು ಮಾಡಲ್ಲ. ಹಾಗಾಗಿ ಹಕ್ಕಿಗೆ ಶಟರ್ ವೇಗವನ್ನು 1/500 ಸೆಕೆಂಡಿಗಿಂತ ನಿಧಾನ ಮಾಡಬೇಡಿ.

ಬಿಸಿಲು ಜಾಸ್ತಿ ಆದರೂ ಕಷ್ಟವೇ. ಮಧುಗಿರಿ ಕಡೆ ಮೈದನಹಳ್ಳಿಯ ಹುಲ್ಲುಗಾವಲಿಗೆ ಕೃಷ್ಣಮೃಗ ನೋಡಲು ಮಧ್ಯಾಹ್ನ ಹೋದರೆ, ನೆಲದಿಂದ ಏಳುವ ಬಿಸಿಗಾಳಿಗೆ ಕೊಂಬೇ ಅಲೆಅಲೆಯಾಗಿ ಕಾಣುತ್ತದೆ. ಲಕ್ಷಗಟ್ಟಲೆಯ ಲೆನ್ಸಿದ್ದರೂ ಅಷ್ಟೇ. ಬೆಳಿಗ್ಗೆ ಬೇಗ ಹೋಗಿ.

ಇನ್ನೊಂದು ವಿಷಯ ಕಣ್ಣಿಟ್ಟು ನೋಡುವ ವ್ಯೂಫೈಂಡರ್. ಬೋಳು ಬಂಡೆಯ ಮೇಲೆ ಬಿಸಿಲಲ್ಲಿ ನಿಂತರೆ ಹಿಂದಿನ ಸ್ಕ್ರೀನಲ್ಲಿ ನಿಮ್ಮ ಮುಖವೇ ಕಾಣುತ್ತದೆ. ವ್ಯೂಫೈಂಡರ್ ಇದ್ದರೆ ಕ್ಯಾಮೆರಾ ಹುಬ್ಬಿಗೆ ತಾಗಿರುತ್ತದೆ, ಮೊಣಕೈ ಎದೆಗೆ ಒತ್ತಿರುತ್ತದೆ, ಕೈಯೂ ನಿಲ್ಲುತ್ತದೆ. ಟಿಜೆಡ್95, ಎಚ್‌ಎಕ್ಸ್99 ಎರಡರಲ್ಲೂ ಇದೆ. ಎಸ್‌ಎಕ್ಸ್740ರಲ್ಲಿ ಇಲ್ಲ. 2025ರಲ್ಲಿ ಬಂದ ಟಿಜೆಡ್99ರಲ್ಲಿ ಟೈಪ್-ಸಿ ಚಾರ್ಜಿಂಗ್ ಕೊಟ್ಟು ವ್ಯೂಫೈಂಡರ್ ಕಿತ್ತುಹಾಕಿದ್ದಾರೆ! ನನಗಂತೂ ಈ ವ್ಯಾಪಾರ ಒಪ್ಪಿಗೆಯಾಗಲಿಲ್ಲ.

ಕೋಲಾರದಿಂದ

ಶಿರಾದವರು ಹೇಳಿದ್ದು ಹಕ್ಕಿಯ ಮಟ್ಟಿಗೆ ಸರಿ. ಆದರೆ ಮೇಡಂ ಮೊದಲು ಬರೆದದ್ದು ದೇವಸ್ಥಾನ. ನಮ್ಮ ಸೋಮೇಶ್ವರ ದೇವಸ್ಥಾನದ ಕಲ್ಯಾಣ ಮಂಟಪದ ಕಂಬಗಳನ್ನು ನೋಡಿ. ಕೆತ್ತನೆ ಅಷ್ಟು ಸಣ್ಣದು, ಒಳಗೆ ಬರುವ ಬೆಳಕೋ ಪಕ್ಕದಿಂದ ಒಂದಿಷ್ಟು. ಸಣ್ಣ ಸೆನ್ಸರ್ ಅಲ್ಲಿ ಸೋಲುತ್ತದೆ. ನಾನು ಅದಕ್ಕೇ ಒಂದು ಇಂಚಿನ ಸೆನ್ಸರ್ ಇರುವ ಟಿಜೆಡ್200 ತಗೊಂಡೆ. ಹೆಸರಿಗೆ ಒಂದು ಇಂಚು, ನಿಜದಲ್ಲಿ 13.2 ಗುಣಿಸು 8.8 ಮಿಲಿಮೀಟರ್. ಆದರೂ ಆ ಮೂರರ ಸೆನ್ಸರಿಗಿಂತ ಸುಮಾರು ನಾಲ್ಕು ಪಟ್ಟು ಜಾಗ. ಜೂಮ್ 360ಕ್ಕೆ ನಿಲ್ಲುತ್ತದೆ. ಕೊಕ್ಕರೆ ಸ್ವಲ್ಪ ಚಿಕ್ಕದಾಗಿ ಬರುತ್ತದೆ, ಬರಲಿ ಬಿಡಿ. ದುಡ್ಡು ಮಾತ್ರ ಜಾಸ್ತಿ ಬೀಳುತ್ತದೆ.

ಧೂಳಿನ ವಿಷಯ ಯಾರೂ ಎತ್ತಲಿಲ್ಲ. ಈ ಲೆನ್ಸುಗಳು ಒಳಗೆ ಹೊರಗೆ ಹೋಗುವಾಗ ಗಾಳಿ ಎಳೆದುಕೊಳ್ಳುತ್ತವೆ. ಜೊತೆಗೆ ಧೂಳೂ ಬರುತ್ತದೆ. ಲೆನ್ಸ್ ಬಿಚ್ಚಲು ಆಗಲ್ಲ, ನಾವೇ ಒರೆಸಲೂ ಆಗಲ್ಲ. ಕೆಜಿಎಫ್‌ನ ಸೈನೈಡ್ ಗುಡ್ಡದ (ಚಿನ್ನದ ಗಣಿಯ ತ್ಯಾಜ್ಯ ಪುಡಿಯ ರಾಶಿ) ಹತ್ತಿರ ಗಾಳಿ ಬೀಸುವಾಗ ಜೂಮ್ ಆಡಿಸಿದ್ದರ ಗುರುತು ನನ್ನ ಕ್ಯಾಮೆರಾದಲ್ಲಿ ಈಗಲೂ ಇದೆ. ಪ್ರತಿ ಫೋಟೋದ ಆಕಾಶದಲ್ಲಿ, ಬಲಗಡೆ ಮೇಲೆ, ಅದೇ ಜಾಗಕ್ಕೆ ಒಂದು ಬೂದು ಕಲೆ. ರಿಪೇರಿಯವರು ಪೂರ್ತಿ ಬಿಚ್ಚಬೇಕು ಅಂದರು. ಕೇಳಿದ ರೇಟಿಗೆ ಸುಮ್ನೆ ವಾಪಸ್ ಬಂದೆ. ಜೇಬಿಗೆ ಹಾಗೇ ಹಾಕಬೇಡಿ, ಒಂದು ಪೌಚ್ ಇರಲಿ.

ಚಿಕ್ಕಬಳ್ಳಾಪುರದಿಂದ

ಅಂಗಡಿಗೆ ಹೋಗುವಾಗ ನಿಮ್ಮದೇ ಮೆಮೊರಿ ಕಾರ್ಡ್ ತಗೊಂಡು ಹೋಗಿ ಮೇಡಂ. ಮೊದಲು ಮೆನುವಿನಲ್ಲಿ ಡಿಜಿಟಲ್ ಜೂಮ್ ಆಫ್ ಮಾಡಿ. ಪ್ಯಾನಸೋನಿಕ್‌ನ ಐಜೂಮ್, ಸೋನಿಯ ಕ್ಲಿಯರ್ ಇಮೇಜ್, ಕ್ಯಾನನ್‌ನ ಜೂಮ್ ಪ್ಲಸ್, ಹೆಸರು ಏನೇ ಇರಲಿ, ಇದ್ದ ಚಿತ್ರವನ್ನೇ ಹಿಗ್ಗಿಸುವ ಕೆಲಸ. ಡಬ್ಬದ ಮೇಲೆ 60ಎಕ್ಸ್, 80ಎಕ್ಸ್ ಅಂತ ಕಂಡರೆ ಅದೇ.

ಆಮೇಲೆ ಅಂಗಡಿ ಬಾಗಿಲಿಗೆ ಬಂದು ರಸ್ತೆ ಆಚೆಯ ಬೋರ್ಡಿಗೆ ಪೂರ್ತಿ ಜೂಮ್ ಹಾಕಿ. ಬಟನ್ ಅರ್ಧ ಒತ್ತಿದಾಗ ಫೋಕಸ್ ಥಟ್ಟನೆ ಕೂರುತ್ತಾ, ಇಲ್ಲಾ ಹಿಂದೆ ಮುಂದೆ ಒದ್ದಾಡುತ್ತಾ ನೋಡಿ. ಅಂಗಡಿಯ ಒಳಗೆ ಟ್ಯೂಬ್‌ಲೈಟಿನಲ್ಲೂ ಹೀಗೇ ತೆಗೆಯಿರಿ. ಅಲ್ಲೇ ಸ್ಕ್ರೀನಲ್ಲಿ ನೋಡಿ ತೀರ್ಮಾನ ಬೇಡ, ಆ ಸ್ಕ್ರೀನಲ್ಲಿ ಎಲ್ಲವೂ ಚೆನ್ನಾಗೇ ಕಾಣುತ್ತದೆ. ಕಾರ್ಡ್ ಮನೆಗೆ ತಂದು ಕಂಪ್ಯೂಟರಿನಲ್ಲಿ ದೊಡ್ಡದು ಮಾಡಿ ನೋಡಿ. ಬೋರ್ಡಿನ ಸಣ್ಣ ಅಕ್ಷರ, ಫೋನ್ ನಂಬರ್ ಓದಲು ಬಂದರೆ ಆ ಲೆನ್ಸ್ ಪಾಸ್.

ಮೂರೂ ಹೊಸ ಮಾಡೆಲ್ ಅಲ್ಲ. ಎಸ್‌ಎಕ್ಸ್740, ಎಚ್‌ಎಕ್ಸ್99 ಬಂದದ್ದು 2018ರಲ್ಲಿ, ಟಿಜೆಡ್95 2019ರಲ್ಲಿ. ಹಾಗಾಗಿ ಸೆಕೆಂಡ್ ಹ್ಯಾಂಡ್ ತಗೊಳ್ಳುವ ಸಂದರ್ಭ ಬಂದರೂ ಬರಬಹುದು. ಆಗ ಪೂರ್ತಿ ಜೂಮ್ ಹಾಕಿ ಬಿಳಿ ಗೋಡೆಯ ಫೋಟೋ ತೆಗೆಯಿರಿ. ಕೋಲಾರದವರು ಹೇಳಿದ ಕಲೆ ಇದ್ದರೆ ಅಲ್ಲೇ ಸಿಕ್ಕಿಬೀಳುತ್ತದೆ.

ನಂದಿ ಬೆಟ್ಟಕ್ಕೆ ಬರುವವರು ಸೂರ್ಯೋದಯಕ್ಕೆ ಅಂತಲೇ ದೊಡ್ಡ ಜೂಮ್ ಕೊಳ್ಳುತ್ತಾರೆ. ಮಂಜು ಕವಿದಿದ್ದರೆ 720ರಲ್ಲಿ ಬರೋದು ಬರೀ ಬೆಳ್ಳಗೆ. ಅಲ್ಲಿ 24 ಎಂಎಂಗೆ ಕೆಲಸ ಜಾಸ್ತಿ.

ಕೇಳಿದವರು, ತುಮಕೂರು

ಎಲ್ಲರಿಗೂ ತುಂಬಾ ಥ್ಯಾಂಕ್ಸ್. ದೇವಸ್ಥಾನದ ಒಳಗೆ ಫೋನ್ ಸಾಕು ಅನ್ನಿಸ್ತಿದೆ, ಎಷ್ಟೋ ಕಡೆ ಗರ್ಭಗುಡಿ ಹತ್ತಿರ ಕ್ಯಾಮೆರಾ ಬಿಡೋದೂ ಇಲ್ಲ. ನಮಗೆ ಹಕ್ಕಿಯೇ ಮುಖ್ಯ. ಹಾಗಿದ್ದರೆ ಕ್ಯಾನನ್ 40ಎಕ್ಸ್ ಇನ್ನೂ ದೂರ ಹೋಗುತ್ತೆ ಅಲ್ವಾ?

ಶಿರಾದಿಂದ

ಹೋಗುತ್ತದೆ ಮೇಡಂ, 960ರವರೆಗೆ. ಹಕ್ಕಿ ಮೂರನೇ ಒಂದರಷ್ಟು ದೊಡ್ಡದಾಗುತ್ತದೆ, ಆದರೆ ಅಲ್ಲಿ ಲೆನ್ಸ್ ಎಫ್6.9. ಜೊತೆಗೆ ರಾ ಫೈಲ್ (ಕ್ಯಾಮೆರಾ ತಿದ್ದದೆ ಹಾಗೇ ಉಳಿಸುವ ಫೋಟೋ) ಕೊಡಲ್ಲ, ಅಂದರೆ ಮೋಡದ ದಿನದ ಫೋಟೋವನ್ನು ಆಮೇಲೆ ಕೂತು ತಿದ್ದುವ ಅವಕಾಶ ಕಡಿಮೆ. ಒಂದು ಗುಣ ಮೆಚ್ಚಬೇಕು. ಜೂಮ್‌ನಲ್ಲಿ ಹಕ್ಕಿ ತಪ್ಪಿಹೋದರೆ ಒಂದು ಬಟನ್ ಒತ್ತಿ ಹಿಡಿಯಿರಿ, ನೋಟ ಅಗಲ ಆಗುತ್ತದೆ. ಹಕ್ಕಿ ಸಿಕ್ಕ ಮೇಲೆ ಬಿಟ್ಟರೆ ಮತ್ತೆ ಅದೇ ಜೂಮ್‌ಗೆ ಬರುತ್ತದೆ.

ಭಾರ ನೋಡಿದರೆ ಸೋನಿ ಎಲ್ಲಕ್ಕಿಂತ ಹಗುರ, 242 ಗ್ರಾಂ. ಆದರೆ ಅದರ ವ್ಯೂಫೈಂಡರ್ ಪ್ರತಿ ಸಲ ಎಬ್ಬಿಸಿಕೊಳ್ಳಬೇಕು, ಅಷ್ಟರಲ್ಲಿ ಹಕ್ಕಿ ಹಾರಿರುತ್ತದೆ. ನಾನಾದರೆ ಟಿಜೆಡ್95 ತಗೊಳ್ತೀನಿ. ಸಿಗದಿದ್ದರೆ ಸೋನಿ. ಯಾವುದೇ ಆಗಲಿ, ಇನ್ನೊಂದು ಬ್ಯಾಟರಿ ಅದೇ ದಿನ ತಗೊಳ್ಳಿ. ಜೂಮ್ ಆಡಿಸುತ್ತಾ ಹೋದರೆ ಒಂದರಲ್ಲಿ ಸಂಜೆವರೆಗೆ ಬರೋದು ಕಷ್ಟ. ವಾರಂಟಿ ಇಲ್ಲಿಯದಾ ಅಂತ ಕೇಳಿ, ಬಿಲ್ಲಿನಲ್ಲಿ ಕ್ಯಾಮೆರಾದ ಸೀರಿಯಲ್ ನಂಬರ್ ಬರೆಸಿಕೊಳ್ಳಿ.